ಕಾಪಿ ಆಗ್ತಾ ಇದೆ

ಯಗಟಿಯ ರುದ್ರಮೂರ್ತಿ ತರೀಕೆರೆಯ 'ಶುಭಗಳಿಗೆ' ಸ್ಟುಡಿಯೋದೊಳಗೆ ಬಂದು, ಕುರ್ಚಿ ಎಳೆದುಕೊಂಡು, ಚಪ್ಪಲಿ ಬಿಚ್ಚಿ, ಕಾಲು ಮಡಿಚಿ ಕೂತಾಗಲೇ ಇವತ್ತಿನ ದಿನ ನೆಟ್ಟಗಿಲ್ಲ ಎಂದು ಅಲ್ಲಿ ವಿಡಿಯೋ ಎಡಿಟಿಂಗ್ ಮಾಡುವ ಷಡಕ್ಷರಿಗೆ ಅನ್ನಿಸಿತು. ಚಪ್ಪಲಿ ಹಾಕಿಕೊಂಡೇ ಕೂರುವ ಗಿರಾಕಿ ಸ್ವಲ್ಪ ಹೊತ್ತಿಗೆ ಎದ್ದು ಹೋಗುತ್ತಾನೆ. ಚಪ್ಪಲಿ ಬಿಚ್ಚಿದವನು ಸುಲಭಕ್ಕೆ ಏಳುವುದಿಲ್ಲ.

"ನಮ್ಮ ಮದ್ವೆ ವಿಡಿಯೋ ಏನಾಯ್ತು?" ಎಂದ ರುದ್ರಮೂರ್ತಿ.

"ಕಾಪಿ ಆಗ್ತಾ ಇದೆ ಸಾರ್."

"ಹೋದ್ ಸಲ ಬಂದಾಗ್ಲೂ ಕಾಪಿ ಆಯ್ತಾ ಇತ್ತು. ಅದ್ರ ಹಿಂದಿನ ಸಲ ಬಂದಾಗ ನಮ್ಮನೆಯೋಳು ಬಸುರಿ. ಈಗ ಮಗ ಹುಟ್ಟವ್ನೆ. ಇವತ್ತು ಸಾಯಂಕಾಲ ಕಡೂರಲ್ಲಿ ಅವನಿಗೆ ಹೆಸ್ರಿಡೋದು, ತೊಟ್ಲು ಶಾಸ್ತ್ರ. ಅವನಿಗೆ ಮೀಸೆ ಬರೋದ್ರೊಳ್ಗಾದ್ರೂ ಕಾಪಿ ಆಯ್ತದಾ ಹೇಳಿ."

ಪಕ್ಕದ ಕಂಪ್ಯೂಟರಿನಲ್ಲಿ ಆಲ್ಬಮ್ ಮಾಡುತ್ತಿದ್ದ ಹಂಸಾ ಬಾಯಿಗೆ ಕರ್ಚೀಫು ಅಡ್ಡ ಹಿಡಿದಳು. ಷಡಕ್ಷರಿ ನಗಲಿಲ್ಲ. ಅವನಿಗೆ ತನ್ನ ಮೇಲೇ ಅಯ್ಯೋ ಅನ್ನಿಸುತ್ತಿತ್ತು.

ತಪ್ಪು ಅವನದಲ್ಲ. ಸ್ಟುಡಿಯೋದ ಮೂಲೆಯಲ್ಲಿ, ಕಪಾಟಿನ ಮೇಲೆ, ಕಪ್ಪು ಬಣ್ಣದ ಒಂದು ಪೆಟ್ಟಿಗೆ ಇತ್ತು. ಅದನ್ನು ಎಲ್ಲರೂ ಸ್ಟೋರೇಜ್ ಎನ್ನುತ್ತಿದ್ದರು. ತರೀಕೆರೆ, ಕಡೂರು, ಅಜ್ಜಂಪುರದ ಸುತ್ತ ಆ ಸ್ಟುಡಿಯೋದವರು ತೆಗೆದ ಮದುವೆಗಳೆಲ್ಲ ಅದರ ಹೊಟ್ಟೆಯಲ್ಲಿದ್ದವು. ಅಲ್ಲಿದ್ದ ಮೂರು ಕಂಪ್ಯೂಟರುಗಳೂ ಒಂದೇ ಬಾವಿಗೆ ಹಗ್ಗ ಬಿಟ್ಟ ಹಾಗೆ ವೈರು ಬಿಟ್ಟುಕೊಂಡು ಅದರಿಂದಲೇ ಸೇದಬೇಕು. ಬಾವಿಯೇನೋ ತುಂಬಿತ್ತು, ಕೊಡ ಮಾತ್ರ ಮೇಲಕ್ಕೆ ಬರುತ್ತಿರಲಿಲ್ಲ. ಒಂದು ಫೋಟೋ ತೆರೆದುಕೊಳ್ಳುವಷ್ಟರಲ್ಲಿ ಹಂಸಾ ಕ್ರೋಶಾದಲ್ಲಿ ಒಂದು ಸಾಲು ಹೆಣೆಯುತ್ತಿದ್ದಳು. ಹಾಗಾಗಿ ಸ್ಟುಡಿಯೋದ ಪ್ರಿಂಟರಿಗೂ ಕುರ್ಚಿಗಳಿಗೂ ನೀರಿನ ಕ್ಯಾನಿಗೂ ಕ್ರೋಶಾದ ಹೊದಿಕೆ ಬಂದಿತ್ತು. ಷಡಕ್ಷರಿಯ ಕಂಪ್ಯೂಟರಿನಲ್ಲಿ ಎಷ್ಟು ಇಳಿಯಿತು, ಎಷ್ಟು ಹೊತ್ತು ಬಾಕಿ ಎಂದು ತೋರಿಸುವ ಕಾಪಿಯ ಪಟ್ಟಿ ಒಮ್ಮೆ ಇನ್ನು ಹದಿನಾಲ್ಕು ಗಂಟೆ ಎನ್ನುತ್ತಿತ್ತು, ಕಣ್ಣು ಮಿಟುಕಿಸಿದರೆ ಎರಡು ದಿನ ಎನ್ನುತ್ತಿತ್ತು, ಮತ್ತೆ ನಲವತ್ತು ನಿಮಿಷ ಎನ್ನುತ್ತಿತ್ತು. ಬಸ್ ಸ್ಟ್ಯಾಂಡಿನಲ್ಲಿ ನಿಂತ ಬಸ್ಸಿನ ಕಂಡಕ್ಟರ್ 'ಹತ್ತಿ ಹತ್ತಿ, ಈಗ ಹೊರಟ್ವಿ' ಎನ್ನುವ ಹಾಗೆ.

"ನೋಡಿ ಸ್ವಾಮಿ," ಎಂದ ರುದ್ರಮೂರ್ತಿ ಸಾವಧಾನವಾಗಿ. ಕೋಪ ಮಾಡಿಕೊಂಡಿದ್ದರೆ ಷಡಕ್ಷರಿಗೆ ಸುಲಭವಾಗುತ್ತಿತ್ತು. "ನಮ್ಮನೆಯೋಳು ಕೃತಿಕಾ ತಾಯಿ ಇಲ್ದೋಳು. ಅಜ್ಜಿ ತೀರ್ಥಮ್ಮನೇ ಸಾಕಿ ಬೆಳ್ಸಿದ್ದು. ಮದ್ವೆ ಹಿಂದಿನ ದಿನ ಆಯಮ್ಮ ಬಚ್ಚಲಲ್ಲಿ ಬಿದ್ದು ಸೊಂಟ ಮುರ್ಕಂಡು ಆಸ್ಪತ್ರೆ ಸೇರ್ತು. ಮೊಮ್ಮಗಳಿಗೆ ತಾಳಿ ಕಟ್ಟೋದ್ನ ನೋಡ್ಲಿಲ್ಲ. ಅವತ್ತಿಂದ ಅದೊಂದೇ ಜಪ. ಫೋಟೋ ತೋರ್ಸುದ್ರೆ, 'ಇದು ನಿಂತಿರೋದು ಕಣೋ, ಕಟ್ಟೋದ್ ತೋರ್ಸು' ಅಂತದೆ. ನಿಮ್ಮ ಎಡಿಟಿಂಗೂ ಬ್ಯಾಡ, ಹಾಡೂ ಬ್ಯಾಡ. ತೆಗೆದಿದ್ದು ತೆಗೆದಂಗೆ ಕೊಟ್ಬಿಡಿ. ತಗೊಂಡೇ ಹೋಗೋದು ನಾನು."

ಹೀಗೆ ಹೇಳಿ ಅವನು ಬ್ಯಾಗಿನಿಂದ ಹಾರ್ಡ್ ಡಿಸ್ಕ್ ತೆಗೆದು ಮೇಜಿನ ಮೇಲಿಟ್ಟು, ಕಾಲನ್ನು ಇನ್ನೊಂದು ಮಗ್ಗುಲಿಗೆ ಮಡಿಚಿದ.

ಷಡಕ್ಷರಿ ಹೊರಗೆ ಬಂದು ಸ್ಟುಡಿಯೋ ಮಾಲೀಕ ರೇಣುಕಪ್ರಸಾದನಿಗೆ ಫೋನ್ ಮಾಡಿದ. ರೇಣುಕಪ್ರಸಾದ್ ಬೆಳಗ್ಗೆ ಎದ್ದು ಕ್ಯಾಮೆರಾ ಸಮೇತ ಅಜ್ಜಂಪುರದ ಮದುವೆಗೆ ಹೋಗಿದ್ದ. ವಿಡಿಯೋ ತೆಗೆಯುವುದು ಯಾವಾಗಲೂ ಅವನೇ.

"ಸಾರ್, ಯಗಟಿ ರುದ್ರಮೂರ್ತಿ ಬಂದು ಕೂತವ್ರೆ."

"ಸ್ಟೋರೇಜ್ ಸ್ಲೋ ಇದೆ ಅನ್ನು." ಹಿಂದೆ ವಾಲಗದ ಸದ್ದು ಜೋರಾಗಿತ್ತು.

"ಅಂದೆ ಸಾರ್. ಏಳ್ತಾನೇ ಇಲ್ಲ. ಚಪ್ಪಲಿ ಬಿಚ್ಚಿ ಕೂತವ್ರೆ."

"ಹೆಂಗಾದ್ರೂ ಮ್ಯಾನೇಜ್ ಮಾಡೋ ಮಾರಾಯ! ಅದಕ್ಕೂ ನಾನೇ ಬರ್ಬೇಕಾ?" ಫೋನ್ ಕಟ್ಟಾಯಿತು.

ಮ್ಯಾನೇಜ್ ಎನ್ನುವ ಮಾತಿಗೆ ನಮ್ಮ ಕಡೆ ಅರ್ಥ ಬಹಳ. ಷಡಕ್ಷರಿ ಸಾಧು ಮನುಷ್ಯ, ಅದರಲ್ಲಿ ಇದ್ದಿದ್ದರಲ್ಲೇ ಒಳ್ಳೆಯದನ್ನು ಆರಿಸಿಕೊಂಡ. ಸ್ಟೋರೇಜು ನಿಧಾನವಾಗಿದ್ದರೆ ಅದನ್ನು ಜೋರು ಮಾಡಬೇಕು, ಅಷ್ಟೇ ತಾನೆ? ಅಜ್ಜಿ ಸಾಯಂಕಾಲ ತಾಳಿ ಕಟ್ಟುವುದನ್ನು ನೋಡಬೇಕು. ಅವನು ಅಂಗಿಯ ತೋಳು ಮಡಿಚಿ ಒಳಗೆ ಬಂದ.

ಆ ಹೊತ್ತಿಗೆ ಸರಿಯಾಗಿ ಈರಭದ್ರಪ್ಪನವರು ಪೇಪರ್ ಓದಲು ಇಳಿದು ಬಂದರು. ಕಟ್ಟಡ ಅವರದು. ಕರೆಂಟ್ ಆಫೀಸಿನಲ್ಲಿದ್ದು ರಿಟೈರ್ ಆದವರು. ಮೇಲಿನ ಮನೆಯಲ್ಲಿ ಹೆಂಡತಿ ಮಲ್ಲಿಕಾಂಬ ಟೀವಿ ಬಿಟ್ಟುಕೊಡುವುದಿಲ್ಲವೆಂದು ದಿನಾ ಸ್ಟುಡಿಯೋದಲ್ಲಿ ಕೂರುತ್ತಿದ್ದರು. ವೈರು ಎಂಬ ಶಬ್ದ ಕಿವಿಗೆ ಬಿದ್ದರೆ ಪೇಪರ್ ಮಡಿಚಿಡುವುದು ಅವರ ಸ್ವಭಾವ.

"ಏನಪ್ಪಾ ತೊಂದ್ರೆ? ವೈರಾ?"

"ಸ್ಟೋರೇಜಿಂದ ಬರೋದು ನಿಧಾನ ಸಾರ್. ಎಲ್ಲಿ ತಡೀತಾ ಇದೆ ಅಂತ ನೋಡ್ತಿದೀನಿ."

ಈರಭದ್ರಪ್ಪ ಮೇಜಿನ ಕೆಳಗೆ ಬಗ್ಗಿ ನೋಡಿದರು. ಅಲ್ಲಿ ಉಳಿಕೆ ವೈರು ಹಾವಾಡಿಗನ ಬುಟ್ಟಿಯಲ್ಲಿ ಹಾವು ಮಲಗಿದ ಹಾಗೆ ಸುತ್ತಿಕೊಂಡು ಬಿದ್ದಿತ್ತು.

"ಅಯ್ಯೋ ಮಂಕೇ, ಇಷ್ಟು ಸುತ್ಕೊಂಡಿದ್ರೆ ಎಲ್ಲಿ ಬತ್ತದೆ? ಹೊಲಕ್ಕೆ ನೀರು ಬಿಡೋ ಪೈಪು ಸುತ್ಕೊಂಡಿದ್ರೆ ನೀರು ಬತ್ತದಾ?"

"ಇದು ಪೈಪಲ್ಲ ಸಾರ್..."

"ಹರಿಯೋದೆಲ್ಲ ಒಂದೇ ಕಣೋ," ಎಂದು ಅವರು ವೈರಿನ ತುದಿ ಹಿಡಿದು, ತೇರಿನ ಮಿಣಿ ಎಳೆಯುವವರ ಹಾಗೆ ಎಳೆದರು. ವೈರು ನೆಟ್ಟಗಾಯಿತು. ಅದರ ಇನ್ನೊಂದು ತುದಿಯಲ್ಲಿದ್ದ, ಎಲ್ಲ ವೈರುಗಳೂ ಬಂದು ಸೇರುವ ಸ್ವಿಚ್ ಎಂಬ ಪುಟ್ಟ ಡಬ್ಬ ಗೋಡೆಯಿಂದ ಕಿತ್ತು ಬಂದು ಹಂಸಾಳ ಕ್ರೋಶಾ ಬುಟ್ಟಿಯೊಳಗೆ ಬಿತ್ತು. ಕಾಪಿಯ ಪಟ್ಟಿ ನಿಂತಿತು. ಬೆಳಗಿನಿಂದ ಕಾಲು ಭಾಗ ದಾಟಿದ್ದದ್ದು ಸೊನ್ನೆಗೆ ಬಂತು.

"ಹೋಯ್ತು," ಎಂದ ಷಡಕ್ಷರಿ.

"ಹೋಗ್ಲಿ ಬಿಡು, ಈಗ ನೆಟ್ಟಗೆ ಬತ್ತದೆ ನೋಡು," ಎಂದರು ಈರಭದ್ರಪ್ಪ.

ಸ್ವಿಚ್ಚನ್ನು ಉಣ್ಣೆಯಿಂದ ಬಿಡಿಸಿ ಮತ್ತೆ ಗೋಡೆಗೆ ಹಾಕಿ ಕಾಪಿ ಶುರು ಮಾಡಿದರೆ, ಈ ಸಲ ಪಟ್ಟಿ ಸೀದಾ ಮೂರು ದಿನ ಎಂದಿತು. ರುದ್ರಮೂರ್ತಿ ಅದನ್ನು ನೋಡಿ, "ಮೂರು ದಿನಕ್ಕೆ ನಾನು ಯಗಟಿಯಿಂದ ಬೆಂಗ್ಳೂರಿಗೆ ಕುರಿ ಹೊಡ್ಕಂಡು ನಡ್ಕಂಡೇ ಹೋಗ್ಬೋದು," ಎಂದ. ಅದರಲ್ಲೂ ಕೋಪವಿರಲಿಲ್ಲ.

ಈರಭದ್ರಪ್ಪನವರಿಗೆ ಈಗ ಹಟ ಬಂದಿತ್ತು. "ಹಂಗಾದ್ರೆ ಕರೆಂಟ್ ಸಾಲ್ತಾ ಇಲ್ಲ ಆ ಪೆಟ್ಟಿಗೆಗೆ. ಫ್ಯಾನು, ಲೈಟು, ಮೇಲಿನ ಮನೆ ಎಲ್ಲ ಸೇರಿ ಎಳೀತಾ ಅವೆ. ಒಂದೊಂದೇ ಆಫ್ ಮಾಡಿ ನೋಡನ" ಎನ್ನುತ್ತಾ ಮೆಟ್ಟಿಲ ಬುಡದ ಬೋರ್ಡಿನ ಕಡೆ ಹೊರಟರು. ಷಡಕ್ಷರಿ "ಸಾರ್, ಬ್ಯಾಡ ಸಾರ್" ಎಂದು ಹಿಂದೆ ಓಡಿದ. ಅಷ್ಟರಲ್ಲಿ ಅವರು ಮೊದಲು ಕೈಗೆ ಸಿಕ್ಕಿದ ಮೇನ್ ಸ್ವಿಚ್ಚನ್ನೇ ಕೆಳಗೆ ಎಳೆದಾಗಿತ್ತು.

ಇಡೀ ಕಟ್ಟಡ ತಣ್ಣಗಾಯಿತು. ಆ ನಿಶ್ಶಬ್ದದಲ್ಲಿ ಮೇಲಿನಿಂದ ಮಲ್ಲಿಕಾಂಬನವರ ಧ್ವನಿ ಸ್ಪಷ್ಟವಾಗಿ ಕೇಳಿಸಿತು.

"ಯಾರ್ರೀ ಅದು ಕರೆಂಟ್ ತೆಗೆದೋರು? ಅಮೃತಾಪುರದ ಬೀಗರು ಈಗ್ತಾನೆ ಮುನಿಸ್ಕೊಂಡು ಎದ್ದಿದ್ರು! ಊಟ ಮಾಡಿದ್ರೋ ಇಲ್ವೋ ನೋಡಕ್ಕೆ ಬಿಡಲ್ವಲ್ಲ!"

ಷಡಕ್ಷರಿ ಮೆಟ್ಟಿಲ ಮೇಲೆ ಒಂದು ಕಾಲು, ಕೆಳಗೆ ಒಂದು ಕಾಲು ಇಟ್ಟುಕೊಂಡು ನಿಂತ. ಅಮೃತಾಪುರದ ಬೀಗರು ಮುನಿಸಿಕೊಂಡದ್ದು ಯಾವ ಧಾರಾವಾಹಿಯಲ್ಲೂ ಬಂದಿರಲಿಲ್ಲ. ಅದು ಬಂದಿದ್ದು ಸ್ಟುಡಿಯೋದ ಸ್ಟೋರೇಜಿನಲ್ಲಿ. ಆ ಬೀಗರು ಎಲೆ ಮುಂದಿನಿಂದ ಎದ್ದು ಹೋದದ್ದನ್ನು ಅವನೇ ಕ್ಯಾಮೆರಾದ ಕಾರ್ಡಿನಿಂದ ಇಳಿಸುವಾಗ ಕಂಡಿದ್ದ.

ಕರೆಂಟು ಬಂದ ಮೇಲೆ ಅವನು ಎಲ್ಲ ವೈರುಗಳು ಸೇರುವ ಆ ಪುಟ್ಟ ಡಬ್ಬದ ಹತ್ತಿರ ಹೋಗಿ ಒಂದೊಂದೇ ವೈರು ಹಿಡಿದು ನೋಡಿದ. ಮೂರು ವೈರು ಮೂರು ಕಂಪ್ಯೂಟರಿಗೆ. ಒಂದು ಸ್ಟೋರೇಜಿಗೆ. ಒಂದು ಇಂಟರ್ನೆಟ್ಟಿನದು. ಇನ್ನೊಂದು ಹಸಿರು ವೈರು ಕಿಟಕಿಯ ಸಂದಿನಿಂದ ಹೊರಗೆ ಹೋಗಿ, ಹಾಗಲ ಬಳ್ಳಿಯ ಜೊತೆ ಸೇರಿ, ಮೇಲಿನ ಮನೆಯ ಕಿಟಕಿಯೊಳಗೆ ನುಗ್ಗಿತ್ತು.

ಮೇಲೆ ಹೋಗಿ ನೋಡಿದರೆ, ಮಲ್ಲಿಕಾಂಬ ಮತ್ತು ಬೀದಿಯ ಇನ್ನಿಬ್ಬರು ಹೆಂಗಸರು ಹುಣಸೆಹಣ್ಣಿನ ರಾಶಿ ಮುಂದೆ ಹಾಕಿಕೊಂಡು ಬೀಜ ಬಿಡಿಸುತ್ತಾ ಕೂತಿದ್ದರು. ಎದುರಿನ ದೊಡ್ಡ ಟೀವಿಯಲ್ಲಿ ಅಮೃತಾಪುರದ ಮದುವೆ ನಡೆಯುತ್ತಿತ್ತು. ಬೀಗರು ಇನ್ನೂ ಮುನಿಸಿಕೊಂಡೇ ಇದ್ದರು.

"ಅಮ್ಮಾ, ಇದು ನಮ್ಮ ಸ್ಟುಡಿಯೋ ವಿಡಿಯೋ ಅಲ್ವಾ?"

"ನಿಮ್ದೇನಪ್ಪಾ? ನಂಗೇನು ಗೊತ್ತು? ಇಂಟರ್ನೆಟ್ ಬೇಕು ಅಂದಿದ್ದಕ್ಕೆ ನಿಮ್ಮ ರೇಣುಕಪ್ರಸಾದು ವೈರ್ ಹಾಕಿಸಿಕೊಟ್ಟ. ರಿಮೋಟಲ್ಲಿ ಏನೋ ಒತ್ತಿದೆ, ಶುಭಗಳಿಗೆ ಅಂತ ಚಾನೆಲ್ ಬಂತು. ಚೆನ್ನಾಗಿದೆ ಕಣಪ್ಪಾ. ಒಂದು ಅಡ್ವರ್ಟೈಸ್‌ಮೆಂಟ್ ಇಲ್ಲ."

"ಎಷ್ಟು ಹೊತ್ತು ನೋಡ್ತೀರಮ್ಮಾ?"

"ಬೆಳಗ್ಗೆ ಕಾಫಿ ಆದ್ಮೇಲೆ ಹಾಕಿದ್ರೆ ಮಲಗೋ ತನಕ. ಅಡುಗೆಮನೇಲಿದ್ರೂ ಓಡ್ತಾ ಇರುತ್ತೆ, ವಾಲಗ ಕೇಳ್ತಾ ಇದ್ರೆ ಮನೆ ತುಂಬಿದ ಹಾಗಿರುತ್ತೆ."

ಷಡಕ್ಷರಿ ನೆಲದ ಮೇಲೆ ಕೂತು, ತಾನೂ ಒಂದು ಹುಣಸೆಹಣ್ಣು ಕೈಗೆತ್ತಿಕೊಂಡು, ವಿಷಯ ವಿವರಿಸಿದ. ಒಂದೇ ಪೆಟ್ಟಿಗೆ, ಎಲ್ಲರೂ ಅದರಿಂದಲೇ ಎಳೆಯಬೇಕು. ಮೇಲೆ ನೀವು ಎಳೆಯುತ್ತಿದ್ದರೆ ಕೆಳಗೆ ನಮಗೆ ಬರುವುದಿಲ್ಲ.

"ಇವತ್ತೊಂದಿನ ನಿಲ್ಸಿ ಅಮ್ಮಾ."

"ಬೀಗರು ಊಟ ಮಾಡಿದ್ರಾ ಇಲ್ವಾ ಗೊತ್ತಾಗ್ದೆ ಹೆಂಗೆ ನಿಲ್ಸೋದು? ಆಮೇಲೆ ನಂಗೆ ಊಟ ಸೇರಲ್ಲ."

"ಮಾಡಿದ್ರಮ್ಮಾ. ಎರಡು ಹೋಳಿಗೆ ಹಾಕಿಸ್ಕೊಂಡು ತಿಂದ್ರು."

"ಸುಳ್ಳು ಹೇಳ್ಬೇಡ. ಅವ್ರಿಗೆ ಸಕ್ಕರೆ ಕಾಯಿಲೆ. ವರಪೂಜೆ ದಿನ ಅವ್ರ ತಂಗಿ ಹತ್ರ ಹೇಳಿದ್ದು ನಾನೇ ಕೇಳಿದೀನಿ."

ಸುಳ್ಳು ನಡೆಯುವುದಿಲ್ಲವೆಂದು ಷಡಕ್ಷರಿ ನಿಜ ಹೇಳಿದ. ಸೊಂಟ ಮುರಿದುಕೊಂಡ ಅಜ್ಜಿ, ತಾಯಿಯಿಲ್ಲದ ಮೊಮ್ಮಗಳು, ಸಾಯಂಕಾಲದ ತೊಟ್ಟಿಲು ಶಾಸ್ತ್ರ. ಗುರುತಿಲ್ಲದವರ ಮನೆಯ ಹೆಣ್ಣು ಒಪ್ಪಿಸುವಾಗಲೂ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದ ಮಲ್ಲಿಕಾಂಬ ಪೂರ್ತಿ ಕೇಳುವಷ್ಟೂ ತಡೆಯಲಿಲ್ಲ. ಎದ್ದು ಹೋಗಿ ಟೀವಿಯ ಹಿಂದಿನಿಂದ ಹಸಿರು ವೈರನ್ನು ಅವರೇ ಕಿತ್ತರು.

"ಪಾಪ, ಅಜ್ಜಿ ನೋಡ್ಲಿ. ಬೀಗರು ಎಲ್ಲಿಗೆ ಹೋಗ್ತಾರೆ, ನಾಳೆ ನೋಡಿದ್ರಾಯ್ತು."

ಅರ್ಧ ಗೆದ್ದಂತಾಯಿತು. ಇನ್ನರ್ಧ ಸ್ಟೋರೇಜಿನ ಸ್ವಂತ ವೈರಿನಲ್ಲಿತ್ತು. ಅದು ಎಲ್ಲೋ ಕಿತ್ತು ತಂದ ಹಳೆಯದು, ತುದಿಗಳು ಮಾಸಿ ಹೋಗಿದ್ದವು. ಷಡಕ್ಷರಿ ಅದನ್ನು ಬಿಚ್ಚಿಕೊಂಡು ಬಸ್ ಸ್ಟ್ಯಾಂಡ್ ಎದುರಿನ ಕಂಪ್ಯೂಟರ್ ಅಂಗಡಿಗೆ ಹೋದ. ಅಂಗಡಿಯವನು ಎರಡೂ ತುದಿಯನ್ನು ಒಂದು ಮಿಷನ್ನಿಗೆ ಚುಚ್ಚಿ ನೋಡಿ, "ಒಳಗೆ ಎಂಟು ಎಳೆ ಇರ್ಬೇಕು, ಇದ್ರಲ್ಲಿ ನಾಲ್ಕೇ ಎಳೆ ಜೀವಂತ ಇವೆ. ಎತ್ತಿನಗಾಡಿಗೆ ಒಂದೇ ಎತ್ತು ಕಟ್ಟಿದ ಹಾಗೆ. ಯಾರ್ರೀ ಇದನ್ನ ಹಾಕಿದ್ದು?" ಎಂದ. ಷಡಕ್ಷರಿ ಹೊಸ ವೈರು ತಂದು ಹಾಕಿದ.

ಆಮೇಲೆ ನಡೆದದ್ದನ್ನು ಹಂಸಾ ಬಹಳ ದಿನ ಹೇಳಿಕೊಂಡಳು. ಕಾಪಿಯ ಪಟ್ಟಿ ಹಗ್ಗ ಬಿಚ್ಚಿದ ಕರುವಿನ ಹಾಗೆ ಓಡಿತು. ರುದ್ರಮೂರ್ತಿಗೆ ತರಿಸಿದ್ದ ಕಾಫಿ ಆರಿರಲಿಲ್ಲ, ಮದುವೆ ಪೂರ್ತಿ ಅವನ ಹಾರ್ಡ್ ಡಿಸ್ಕಿನೊಳಗೆ ಇಳಿದಿತ್ತು. ಈರಭದ್ರಪ್ಪ "ನಾನ್ ಹೇಳ್ಲಿಲ್ವಾ, ವೈರು ನೆಟ್ಟಗಿರ್ಬೇಕು ಅಂತ" ಎಂದು ಪೇಪರ್ ಬಿಡಿಸಿದರು. ರುದ್ರಮೂರ್ತಿ ಎದ್ದು, ಚಪ್ಪಲಿ ಮೆಟ್ಟಿಕೊಂಡು, ಷಡಕ್ಷರಿಯ ಎರಡೂ ಕೈ ಹಿಡಿದುಕೊಂಡ.

"ನೀವೂ ನನ್ ಜೊತೆ ಬನ್ರೀ. ಅಲ್ಲಿ ಟೀವಿಗೆ ಹಾಕಿ ತೋರ್ಸೋರು ಯಾರವ್ರೆ? ಊಟ ಮಾಡ್ಕಂಡು ಬರೋರಂತೆ."

ಕೆಲಸಕ್ಕೆ ಸೇರಿದ ಮೇಲೆ ಗಿರಾಕಿಯೊಬ್ಬ ಷಡಕ್ಷರಿಯ ಕೈ ಹಿಡಿದದ್ದು ಇದೇ ಮೊದಲು. ಕಾಲರ್ ಹಿಡಿದವರಿದ್ದರು. ಅವನು ಹಂಸಾಳ ಮುಖ ನೋಡಿದ.

"ಹೋಗ್ಬನ್ನಿ, ನಾನಿದೀನಲ್ಲ," ಎಂದಳು ಹಂಸಾ. ಅವಳ ಕಂಪ್ಯೂಟರಿನಲ್ಲಿ ಫೋಟೋಗಳು ಪಟಪಟನೆ ತೆರೆದುಕೊಳ್ಳುತ್ತಿದ್ದವು, ಕ್ರೋಶಾ ಸೂಜಿಯನ್ನು ಕೆಳಗಿಟ್ಟುಬಿಟ್ಟಿದ್ದಳು. "ಇಷ್ಟು ಸ್ಪೀಡ್ ಇಟ್ಕೊಂಡು ಸುಮ್ನೆ ಕೂರಕ್ಕಾಗುತ್ತಾ? ನಾನೂ ಏನಾದ್ರೂ ಕೆಲಸ ಮಾಡ್ತೀನಿ."

ಕಾರಿನಲ್ಲಿ ಕೂತು, ಬೀರೂರು ದಾಟುವಾಗ, ಷಡಕ್ಷರಿ ರೇಣುಕಪ್ರಸಾದನಿಗೆ ಮೆಸೇಜ್ ಹಾಕಿದ. 'ಸಾರ್ ಮ್ಯಾನೇಜ್ ಮಾಡಿದೆ. ಸ್ಟೋರೇಜ್ ಫುಲ್ ಸ್ಪೀಡ್. ರುದ್ರಮೂರ್ತಿ ಅವರಿಗೆ ಕಾಪಿ ಕೊಟ್ಟು ಅವರ ಜೊತೆ ಕಡೂರಿಗೆ ಹೋಗ್ತಿದ್ದೀನಿ.' ಮದುವೆ ಮನೆಯ ಗಲಾಟೆಯಲ್ಲಿ ಅದನ್ನು ಅತ್ತ ಯಾರೂ ನೋಡಲಿಲ್ಲ.

ಕಡೂರಿನ ತೀರ್ಥಮ್ಮನ ಮನೆಯ ಮುಂದೆ ಶಾಮಿಯಾನ ಹಾಕಿದ್ದರು. ರುದ್ರಮೂರ್ತಿ ಬಂದ ಮೇಲೆ ಮಗುವನ್ನು ತೊಟ್ಟಿಲಿಗೆ ಹಾಕಿ, ಹೆಸರು ಕೂಗಿ, ಸಕ್ಕರೆ ಹಂಚಿದ್ದಾಯಿತು. ನೆಂಟರೆಲ್ಲ ನಡುಮನೆಯ ಟೀವಿಯನ್ನು ಶಾಮಿಯಾನದೊಳಕ್ಕೆ ತಂದು, ಎರಡು ಮೇಜು ಪೇರಿಸಿ, ಮೇಲೆ ಇಟ್ಟು ಕಾಯುತ್ತಿದ್ದರು. ಎಲ್ಲರ ಮುಂದೆ ತೋಳುಕುರ್ಚಿಯಲ್ಲಿ ತೀರ್ಥಮ್ಮ. ಪಕ್ಕದಲ್ಲಿ ಊರುಗೋಲು. ಕೃತಿಕಾ ಅಜ್ಜಿಯ ಕನ್ನಡಕವನ್ನು ಸೆರಗಿನಿಂದ ಒರೆಸಿ ಹಾಕಿದಳು.

ಷಡಕ್ಷರಿ ವಿಡಿಯೋ ಹಚ್ಚಿದ. ಎಡಿಟಿಂಗ್ ಇಲ್ಲದ್ದರಿಂದ ಎಲ್ಲವೂ ಇದ್ದ ಹಾಗೇ ಬಂತು. ಯಾರದೋ ಸೋದರಮಾವ ಕನ್ನಡಿ ಮುಂದೆ ಹಲ್ಲು ನೋಡಿಕೊಂಡದ್ದು, ಇಬ್ಬರು ಅತ್ತೆಯಂದಿರು ಒಂದೇ ಕುರ್ಚಿಗಾಗಿ ನಗುನಗುತ್ತಲೇ ತಳ್ಳಾಡಿದ್ದು. ಶಾಮಿಯಾನ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಒಬ್ಬರು, "ಹಾಡು ಹಾಕಿ ಕತ್ತರ್ಸಿ ಕೊಡೋದಕ್ಕಿಂತ ಇದೇ ಚೆಂದ ಕಣ್ರೀ" ಎಂದರು. ಷಡಕ್ಷರಿಯ ಎದೆ ಒಂದಿಷ್ಟು ಅಗಲವಾಯಿತು.

ಮುಹೂರ್ತ ಹತ್ತಿರ ಬಂತು. ಮಂಟಪದಲ್ಲಿ ಕೃತಿಕಾ ತಲೆ ತಗ್ಗಿಸಿ ಕೂತಿದ್ದಳು. ಮದುವೆ ಮಾಡಿಸುತ್ತಿದ್ದ ಅಯ್ನೋರು ತಾಳಿಯ ತಟ್ಟೆಯನ್ನು ಎಲ್ಲರಿಗೂ ಮುಟ್ಟಿಸಿ ತರಲು ಕಳುಹಿಸಿದರು. "ಮಾತಾಡ್ಬ್ಯಾಡಿ, ಬಂತು," ಎಂದರು ತೀರ್ಥಮ್ಮ.

ಅಷ್ಟರಲ್ಲಿ ಟೀವಿಯಲ್ಲಿ ಮಂಟಪ ಓರೆಯಾಯಿತು. ನೆಲ ಕಾಣಿಸಿತು. ಯಾರ್ಯಾರದೋ ಚಪ್ಪಲಿ, ಆಮೇಲೆ ಮೆಟ್ಟಿಲು, ಒಂದು ಬಾಗಿಲು, ಎಲ್ಲ ಓಲಾಡುತ್ತಾ ಹೋದವು. ಕೊನೆಗೆ ದೃಶ್ಯ ಒಂದು ಕಡೆ ನಿಂತಿತು. ಟೀವಿಯ ತುಂಬ, ಅಂಚಿನಿಂದ ಅಂಚಿನವರೆಗೆ, ಒಂದು ಬಾಳೆಎಲೆ.

ಉಪ್ಪು ಬಂತು. ಉಪ್ಪಿನಕಾಯಿ ಬಂತು. ಕೋಸಂಬರಿ, ಹುರುಳಿಕಾಯಿ ಪಲ್ಯ. ದೂರದಿಂದ, ಗೋಡೆಯಾಚೆಯಿಂದ ಬಂದ ಹಾಗೆ, "ಗಟ್ಟಿಮೇಳ! ಗಟ್ಟಿಮೇಳ!" ಎಂಬ ಕೂಗು ಕೇಳಿಸಿತು. ಡೋಲು ಏರಿತು, ನಾಗಸ್ವರ ಏರಿತು. ಟೀವಿಯಲ್ಲಿ ಒಂದು ಕೈ ಹೋಳಿಗೆಯನ್ನು ನಾಜೂಕಾಗಿ ನಾಲ್ಕು ಮಡಿಕೆ ಮಾಡಿತು. ತುಪ್ಪ ಬೀಳುವ ತನಕ ಕಾದು, ಎತ್ತಿಕೊಂಡು ಹೋಯಿತು. ಖಾಲಿ ಕೈ ಮತ್ತೆ ಬಂತು.

"ತಾಳಿ ಎಲ್ಲೋ?" ಎಂದರು ತೀರ್ಥಮ್ಮ.

"ಬತ್ತದೆ ಅಜ್ಜಿ," ಎಂದ ರುದ್ರಮೂರ್ತಿ.

ಬಂದದ್ದು ಪಾಯಸ. ಗಟ್ಟಿಮೇಳ ಇಳಿಯಿತು. ಮಂಟಪದ ಕಡೆಯಿಂದ ಜನ ಅಕ್ಷತೆ ಹಾಕಿ ಉಸಿರು ಬಿಡುವ ಗೌಜು ಕೇಳಿಸಿತು. ಕೈ ಪಾಯಸವನ್ನು ಎಲೆಯಿಂದ ಬಳಿದು ಮುಗಿಸಿತು. ಆ ಕೈಯ ಬೆರಳಲ್ಲಿ ಕೆಂಪು ಹರಳಿನ ಉಂಗುರವಿತ್ತು. ಸ್ಟುಡಿಯೋದಲ್ಲಿ ಮಾಲೀಕನ ಮೌಸಿನ ಮೇಲೆ ದಿನಾ ಕೂರುವ ಆ ಉಂಗುರವನ್ನು ಷಡಕ್ಷರಿ ಗುರುತಿಸಿದ.

ಹಿಂದಿನ ಸಾಲಿನ ಹಿರಿಯರೊಬ್ಬರು, "ಊಟ ಚೆನ್ನಾಗಿತ್ತು ಕಣ್ರೀ ಅವತ್ತು," ಎಂದರು.

ಷಡಕ್ಷರಿ ಹಿಂದಕ್ಕೆ ಓಡಿಸಿದ, ಮುಂದಕ್ಕೆ ಓಡಿಸಿದ, ಫೋಲ್ಡರು ತೆರೆದು ಜಾಲಾಡಿದ. ಮುಹೂರ್ತದ ಹೊತ್ತಿಗೆ ಇದ್ದದ್ದು ಆ ಎಲೆಯೊಂದೇ. ಯಾರೋ ಕ್ಯಾಮೆರಾ ನಿಲ್ಲಿಸದೆ ಊಟದ ಮೇಜಿನ ಮೇಲಿಟ್ಟು ಮೊದಲನೇ ಪಂಕ್ತಿಗೆ ಕೂತಿದ್ದರು.

"ಯಾರ್ ಎಲೆ ಇದು?" ಎಂದ ರುದ್ರಮೂರ್ತಿ. ಬೆಳಗಿನಿಂದ ಮೊದಲ ಸಲ ಅವನ ಧ್ವನಿ ಗಡುಸಾಗಿತ್ತು.

"ಗೊತ್ತಾಗ್ತಿಲ್ಲ ಸಾರ್. ಮುಖ ಕಾಣಲ್ಲ," ಎಂದ ಷಡಕ್ಷರಿ. ಅವನ ಕಣ್ಣು ಮಾತ್ರ ತೀರ್ಥಮ್ಮನ ಕಡೆಯೇ ಇತ್ತು. ಅಜ್ಜಿ ಕನ್ನಡಕ ತೆಗೆದು ಮಡಿಲಲ್ಲಿಟ್ಟುಕೊಂಡಿದ್ದರು. ಅವರು ಬೈದಿದ್ದರೆ ಸಹಿಸಬಹುದಿತ್ತು. ಮಡಿಲಿನ ಆ ಕನ್ನಡಕ ನೋಡಿ ಅವನಿಗೆ ಆ ಶಾಮಿಯಾನದ ಕಂಬದ ಗುಂಡಿಯೊಳಕ್ಕೆ ಇಳಿದುಬಿಡೋಣ ಅನ್ನಿಸಿತು.

ತೀರ್ಥಮ್ಮ ಕನ್ನಡಕ ಮತ್ತೆ ಹಾಕಿಕೊಂಡು ಊರುಗೋಲಿನಿಂದ ನೆಲ ಕುಟ್ಟಿದರು.

"ಕೃತಿಕಾ, ಮಗೀನ ನನ್ ತೊಡೆ ಮ್ಯಾಲೆ ಹಾಕು. ನೀವಿಬ್ರೂ ಇಲ್ಲಿ ನನ್ನೆದ್ರಿಗೆ ನಿಂತ್ಕಳಿ. ಅಯ್ನೋರೇ, ಇನ್ನೊಂದ್ ಸಲ ಕಟ್ಸಿ. ನಾನು ಇಲ್ಲೇ ನೋಡ್ತೀನಿ."

"ಕಟ್ಟಿದ ತಾಳಿ ಬಿಚ್ಚೋ ಹಂಗಿಲ್ಲ ತಾಯಿ," ಎಂದರು ಹೆಸರಿಡಿಸಲು ಬಂದಿದ್ದ ಅದೇ ಅಯ್ನೋರು.

"ಬಿಚ್ಚು ಅಂದೋರ್ಯಾರು? ಅರಿಶಿಣದ ಕೊಂಬು ಕಟ್ಸಿ."

ಅಡುಗೆಮನೆಯಿಂದ ಅರಿಶಿಣದ ಕೊಂಬು ಬಂತು, ದಾರ ಬಂತು. ರುದ್ರಮೂರ್ತಿ ನಾಚಿಕೊಂಡು ಶಲ್ಯ ಸರಿ ಮಾಡಿಕೊಂಡ. ವಾಲಗದವರು ಇರಲಿಲ್ಲ. "ಮೇಳ ಇಲ್ದೆ ಹೆಂಗೆ?" ಎಂದು ಯಾರೋ ಅಂದರು. ಷಡಕ್ಷರಿ ಓಡಿಹೋಗಿ ವಿಡಿಯೋವನ್ನು ಹಿಂದಕ್ಕೆ ತಿರುಗಿಸಿ ಧ್ವನಿ ಪೂರ್ತಿ ಏರಿಸಿದ. ಟೀವಿಯಲ್ಲಿ ಹೋಳಿಗೆ ಮಡಿಚಿಕೊಳ್ಳುತ್ತಿತ್ತು, ಶಾಮಿಯಾನದ ತುಂಬ ಅವತ್ತಿನ ಗಟ್ಟಿಮೇಳ ತುಂಬಿಕೊಂಡಿತು. ಅದೇ ಮೇಳಕ್ಕೆ ರುದ್ರಮೂರ್ತಿ ಎರಡನೇ ಸಲ ಗಂಟು ಹಾಕಿದ. ಅಕ್ಕಿ ಹಾರಿ ಬಂದು ಮಗುವಿನ ಮೇಲೂ ಬಿತ್ತು. ಮಗು ಕಿರುಚಿತು. ತೀರ್ಥಮ್ಮ ಕಣ್ಣು ಮಿಟುಕಿಸದೆ ನೋಡಿದರು. ಕೆನ್ನೆಯ ಮೇಲೆ ನೀರಿಳಿಯುತ್ತಿದ್ದರೂ ಒರೆಸಿಕೊಳ್ಳಲಿಲ್ಲ, ಒರೆಸಿಕೊಂಡರೆ ಎಲ್ಲಿ ತಪ್ಪಿಹೋಗುತ್ತದೋ ಎಂದು. ಷಡಕ್ಷರಿ ಇದನ್ನೆಲ್ಲ ತನ್ನ ಫೋನಿನಲ್ಲಿ ಬಿಡದೆ ತೆಗೆದ.

"ಈಗ ಆಯ್ತು ಮದ್ವೆ," ಎಂದರು ಅಜ್ಜಿ.

ರುದ್ರಮೂರ್ತಿಯ ಸಿಟ್ಟೂ ಇಳಿದಿತ್ತು. "ಹೋಗ್ಲಿ ಬಿಡ್ರೀ. ನೀವು ಇವತ್ತು ಸ್ಪೀಡ್ ಮಾಡ್ದಿದ್ರೆ ಇದೂ ಆಯ್ತಿರ್ಲಿಲ್ಲ. ಊಟಕ್ಕೆ ಬನ್ನಿ," ಎಂದ. ಷಡಕ್ಷರಿ ಹಗುರಾದ. ಕೈ ತೊಳೆಯಲು ಹೋದಾಗ ಫೋನ್ ಬಂತು. ರೇಣುಕಪ್ರಸಾದ್.

"ಏನೋ ಅದು ಮೆಸೇಜು?"

"ಮ್ಯಾನೇಜ್ ಮಾಡಿದೆ ಸಾರ್."

"ಮ್ಯಾನೇಜ್ ಅಂದ್ರೆ ಏನಾದ್ರೂ ಹೇಳಿ ಕಳ್ಸು ಅಂತ ಕಣೋ! ಸ್ಪೀಡ್ ಮಾಡು ಅಂದೋರ್ಯಾರು? ಆ ಹಳೇ ವೈರು ಎಲ್ಲೂ ಸಿಗ್ದೆ ಹುಡುಕಿ ಹುಡುಕಿ ತಂದು ಹಾಕಿದ್ದೆ ನಾನು. ಓನರಮ್ಮಂಗೆ ಟೀವಿ ಲೈನ್ ಕೊಟ್ಟಿದ್ದೂ ಅದಕ್ಕೇ."

ಷಡಕ್ಷರಿ ನಲ್ಲಿ ನಿಲ್ಲಿಸಿದ. "ಯಾಕ್ ಸಾರ್?"

"ಅವತ್ತು ಎರಡ್ನೇ ಪಂಕ್ತಿಗೆ ಹೋಳಿಗೆ ಉಳಿಯಲ್ಲ ಅಂದ್ರು ಕಣೋ," ಎಂದ ರೇಣುಕಪ್ರಸಾದ್ ತಗ್ಗಿದ ಧ್ವನಿಯಲ್ಲಿ. "ಅಯ್ನೋರ್ ಮಂತ್ರ ನೋಡಿದ್ರೆ ಮುಗಿಯೋ ಥರ ಇರ್ಲಿಲ್ಲ. ಒಂದ್ನಿಮಿಷ ಹೋಗ್ಬರೋಣ ಅಂತ ಹೋದೆ."

"ಇದೊಂದೇ ಮದ್ವೇಲಾ ಸಾರ್?"

"ಇನ್ನೂ ನಾಲ್ಕೈದು ಇರ್ಬೋದು. ಸೀಸನ್ನಲ್ಲಿ ಮನುಷ್ಯಂಗೆ ಹಸಿವಾಗಲ್ವೇನೋ? ಸ್ಟೋರೇಜ್ ಸ್ಲೋ ಅಂತ ಹೇಳ್ಕೊಂಡು ಹೆಂಗೋ ಮರ್ಯಾದೆ ಉಳ್ದಿತ್ತು. ಬೇರೆ ಯಾರಿಗೂ ಕಾಪಿ ಕೊಟ್ಟಿಲ್ಲ ತಾನೆ?"

"ಇಲ್ಲ ಸಾರ್. ಇದೊಂದೇ."

"ಸದ್ಯ. ನಾಳೆ ಬೆಳಗ್ಗೆನೇ ಹೋಗಿ ಹಳೇ ವೈರು ಹಾಕ್ಬಿಡು. ಅಲ್ಲಿ ಯಾರಾದ್ರೂ ಎಲೆ ಯಾರ್ದು ಅಂದ್ರೆ ನಂದು ಅಂದ್ಬಿಡು. ಮುಖ ಕಾಣಲ್ವಲ್ಲ. ನನ್ನ ಹೆಸ್ರು ಕೆಟ್ರೆ ಸ್ಟುಡಿಯೋ ಮುಚ್ಚುತ್ತೆ, ಆಮೇಲೆ ನೀನೂ ಇಲ್ಲ, ಹಂಸಾನೂ ಇಲ್ಲ. ಗೊತ್ತಾಯ್ತಾ?"

"ಆಯ್ತು ಸಾರ್," ಎಂದ ಷಡಕ್ಷರಿ.

ಫೋನ್ ಕೆಳಗಿಳಿಸುವಾಗ ಹಂಸಾಳ ಮೆಸೇಜು ಕಣ್ಣಿಗೆ ಬಿತ್ತು. 'ಸೂಪರ್ ಸ್ಪೀಡ್!! ಬಾಕಿ ಇದ್ದ ಮದುವೆ ಎಲ್ಲಾ ಕಾಪಿ ಮಾಡಿ ಎಲ್ಲರಿಗೂ ಫೋನ್ ಮಾಡಿದೆ. ಎಲ್ಲರೂ ಓಡಿ ಬಂದು ತಗೊಂಡು ಹೋದರು. ಇದೆಲ್ಲ ನಿಮ್ಮಿಂದಲೇ ಆಗಿದ್ದು ಅಂತ ಹೇಳಿ ನಿಮ್ಮ ನಂಬರ್ ಕೊಟ್ಟಿದ್ದೀನಿ.'

ಅವನು ಅದನ್ನು ಎರಡನೇ ಸಲ ಓದುವಷ್ಟರಲ್ಲಿ ಫೋನ್ ಮತ್ತೆ ಬಡಿದುಕೊಂಡಿತು. ಗೊತ್ತಿಲ್ಲದ ನಂಬರು.

"ಹಲೋ, ಶುಭಗಳಿಗೆ ಸ್ಟುಡಿಯೋದ ಷಡಕ್ಷರಿಯೋರಾ? ನಾವು ಅಮೃತಾಪುರದಿಂದ. ಬೀಗರನ್ನೂ ಕರ್ಸಿ, ಮನೆ ತುಂಬಾ ಜನ ಕೂತ್ಕಂಡು ವಿಡಿಯೋ ನೋಡ್ತಾ ಇದೀವಿ. ನಮ್ಮ ಹುಡುಗಿ ಧಾರೆ ಹೊತ್ನಲ್ಲಿ ಟೀವಿ ತುಂಬಾ ಯಾರೋ ಪಾಯಸ ಬಳ್ಕಂಡು ತಿಂತಾ ಅವ್ರೆ. ಯಾರ್ದು ಸ್ವಾಮಿ ಈ ಎಲೆ?"

ಷಡಕ್ಷರಿ ಒದ್ದೆ ಕೈಯನ್ನು ಅಂಗಿಗೆ ಒರೆಸಿಕೊಂಡ. ಆ ಕಡೆಯವರು ಇನ್ನೊಂದು ಸಲ ಕೇಳಿದರು. ಕಿವಿಯಲ್ಲಿ ಇನ್ನೊಂದು ಫೋನ್ ಕಾಯುತ್ತಿರುವ ಸದ್ದು ಟುಂಯ್ ಟುಂಯ್ ಎನ್ನುತ್ತಿತ್ತು.

"ನಂದೇ ಸಾರ್," ಎಂದ.